ಬ್ರಿಟನ್‌ನಲ್ಲಿ ಗೊಣಗುವುದು ಹೇಗೆ, ದೂರು ಕೊಡುವುದು ಹೇಗೆ: ಹೊಸದಾಗಿ ಬಂದವರಿಗೆ

ಬ್ರಿಟನ್‌ಗೆ ಬಂದ ಹೊಸತರಲ್ಲಿ ಒಂದು ವಿಷಯ ನನಗೆ ಅರ್ಥವೇ ಆಗುತ್ತಿರಲಿಲ್ಲ. ಆಫೀಸಿನಲ್ಲಿ ಟೀ ಮಾಡಿಕೊಳ್ಳಲು ಹೋದರೆ ಅಲ್ಲಿ ನಿಂತವರೆಲ್ಲ ಏನಾದರೊಂದು ಗೊಣಗುತ್ತಿದ್ದರು. ಮಳೆ ಬಿಡುತ್ತಿಲ್ಲ, ರೈಲು ಲೇಟು, ರಸ್ತೆ ಅಗೆದು ಹಾಕಿದ್ದಾರೆ, ಕಸದ ಗಾಡಿ ಬಂದಿಲ್ಲ. ಸಹಾಯ ಮಾಡೋಣ ಅಂತ ನಾನು "ಮುಂದಿನ ರೈಲು ಹಿಡಿಯಬಹುದಲ್ಲ", "ಕೌನ್ಸಿಲ್‌ಗೆ ಫೋನ್ ಮಾಡಿದ್ರಾ" (ಕೌನ್ಸಿಲ್ ಅಂದರೆ ನಮ್ಮ ನಗರಸಭೆ ಇದ್ದ ಹಾಗೆ) ಅಂತ ಕೇಳುತ್ತಿದ್ದೆ. ಅವರು "ಹೌದು ಹೌದು" ಅಂತ ನಕ್ಕು, ಕಪ್ ಹಿಡಿದು ಹೊರಟುಬಿಡುತ್ತಿದ್ದರು. ಅವರು ಪರಿಹಾರ ಕೇಳಿರಲೇ ಇಲ್ಲ ಅಂತ ತಿಳಿಯಲು ನನಗೆ ಒಂದು ಇಡೀ ಚಳಿಗಾಲ ಹಿಡಿಯಿತು.

ನಾವು ದಾರಿಯಲ್ಲಿ ಸಿಕ್ಕವರನ್ನು "ಊಟ ಆಯ್ತಾ?" ಅಂತ ಕೇಳುತ್ತೇವೆ. ಅವರು ಏನು ಉಂಡರು ಅನ್ನುವುದು ನಮಗೆ ಬೇಕಾಗಿರುವುದಿಲ್ಲ. ನಿಮ್ಮನ್ನು ನೋಡಿದೆ, ಮಾತಾಡಿಸಿದೆ, ಅಷ್ಟೇ. ಇಲ್ಲಿ ಮಳೆ, ರೈಲು ಅಂತ ಗೊಣಗುವುದೂ ಹಾಗೆಯೇ. ಗುರುತಿಲ್ಲದ ಇಬ್ಬರು ಮಾತು ಶುರು ಮಾಡುವ ಬಗೆ ಅದು.

ಇದರ ಪಕ್ಕದಲ್ಲೇ ಇನ್ನೊಂದು ಇದೆ, ಅದು ದೂರು. ದುಡ್ಡು ವಾಪಸ್ ಬರಬೇಕು, ರಸ್ತೆ ಗುಂಡಿ ಮುಚ್ಚಬೇಕು, ಕೆಟ್ಟ ಮೆಷಿನ್ ಬದಲಾಗಬೇಕು. ಇದರ ಭಾಷೆ ಬೇರೆ, ದಾರಿ ಬೇರೆ. ಇಲ್ಲಿನವರಲ್ಲೇ ಎಷ್ಟೋ ಜನ ಗೊಣಗುವುದರಲ್ಲಿ ಪಳಗಿದವರು, ದೂರು ಕೊಡಿ ಅಂದರೆ ಮಾತ್ರ ಹಿಂಜರಿಯುತ್ತಾರೆ. ನಾವು ಹೊಸಬರು ಎರಡನ್ನೂ ಕಲಸಿಬಿಡುತ್ತೇವೆ. ಗೊಣಗುವ ಜಾಗದಲ್ಲಿ ವಾದ ಮಾಡುತ್ತೇವೆ, ದೂರು ಕೊಡಬೇಕಾದ ಕಡೆ ಸುಮ್ನೆ ಗೊಣಗಿ ಮನೆಗೆ ಬರುತ್ತೇವೆ. ಎರಡನ್ನೂ ಕಲಿಯಿರಿ, ಆದರೆ ಬೇರೆ ಬೇರೆಯಾಗಿ ಕಲಿಯಿರಿ.

ಹವಾಮಾನದಿಂದ ಶುರು ಮಾಡಿ

ಇದು ಎಲ್ಲಕ್ಕಿಂತ ಸುಲಭ. ಇಬ್ಬರು ಇಂಗ್ಲಿಷರು ಸೇರಿದರೆ ಮೊದಲ ಮಾತು ಹವಾಮಾನದ್ದೇ ಅಂತ ಇಂಗ್ಲಿಷ್ ಲೇಖಕ ಸ್ಯಾಮ್ಯುಯೆಲ್ ಜಾನ್ಸನ್ 1758ರಲ್ಲೇ ಬರೆದಿದ್ದಾರೆ. ಅದಕ್ಕೆ ಕಾರಣವೂ ಇದೆ. ಅಟ್ಲಾಂಟಿಕ್ ಕಡೆಯಿಂದ ಒದ್ದೆ ಗಾಳಿ, ಉತ್ತರದಿಂದ ಚಳಿ ಗಾಳಿ, ಯುರೋಪಿನ ಕಡೆಯಿಂದ ಒಣ ಗಾಳಿ, ಎಲ್ಲವೂ ಈ ದ್ವೀಪದ ಮೇಲೆ ಬಂದು ಸೇರುತ್ತವೆ. ಬೆಳಿಗ್ಗೆ ಬಿಸಿಲು ನೋಡಿ ಹೊರಟವರು ಮಧ್ಯಾಹ್ನ ನೆನೆದು ಬರುತ್ತಾರೆ. ಲಂಡನ್‌ನಲ್ಲಿ ವರ್ಷಕ್ಕೆ ಬೀಳುವ ಮಳೆ ಸುಮಾರು 600 ಮಿಲಿಮೀಟರ್, ನಿಜಕ್ಕೂ ಜಾಸ್ತಿ ಏನಲ್ಲ. ಆದರೆ ಅದು ಧೋ ಅಂತ ಸುರಿದು ಮುಗಿಯುವುದಿಲ್ಲ. ವರ್ಷದಲ್ಲಿ ನೂರಕ್ಕೂ ಹೆಚ್ಚು ದಿನ ಸ್ವಲ್ಪ ಸ್ವಲ್ಪವೇ ಹನಿಯುತ್ತದೆ. ಜೊತೆಗೆ ಅಕ್ಟೋಬರ್‌ನ ಕೊನೆಯ ಭಾನುವಾರ ಗಡಿಯಾರ ಒಂದು ಗಂಟೆ ಹಿಂದಕ್ಕೆ ಹೋಗುತ್ತದೆ, ಡಿಸೆಂಬರ್ ಬಂದರೆ ಲಂಡನ್‌ನಲ್ಲಿ ಸಂಜೆ 4ಕ್ಕೆ ಮೊದಲೇ ಸೂರ್ಯ ಮುಳುಗುತ್ತಾನೆ. ಹೊಸಬರಿಗೆ ಇದು ಮನಸ್ಸಿಗೂ ಭಾರ ಆಗುತ್ತದೆ, ನನಗೂ ಆಗಿತ್ತು. ಹಾಗಾಗಿ ಲಿಫ್ಟ್‌ನಲ್ಲಿ ಯಾರಾದರೂ "ಇಷ್ಟು ಬೇಗ ಕತ್ತಲಾಯ್ತು ನೋಡಿ" ಅಂದಾಗ ಹೂಂ ಅನ್ನಿ, ನಿಮ್ಮದೂ ಒಂದು ಮಾತು ಸೇರಿಸಿ. ಹೇಳಿಕೊಂಡರೆ ಸ್ವಲ್ಪ ಹಗುರಾಗುತ್ತದೆ.

ಇಲ್ಲಿನ ಒಂದೇ ನಿಯಮ ಒಪ್ಪಿಕೊಳ್ಳುವುದು. ಅವರು ಚಳಿ ಅಂದರೆ ಚಳಿ. "ಇವತ್ತು ಅಷ್ಟೇನೂ ಚಳಿ ಇಲ್ಲಪ್ಪ" ಅಂದರೆ ಮಾತು ಅಲ್ಲಿಗೇ ಮುಗಿಯಿತು. ನಮ್ಮವರು ಹೆಚ್ಚಾಗಿ ಮಾಡುವ ತಪ್ಪು ಬೇಸಿಗೆಯಲ್ಲಿ. ಅವರು 28 ಡಿಗ್ರಿಗೆ ಸೆಖೆ ಅಂತ ಒದ್ದಾಡುವಾಗ ನಾವು "ಇದೇನು ಮಹಾ, ನಮ್ಮ ಕಡೆ 38 ಇರುತ್ತೆ" ಅನ್ನುತ್ತೇವೆ. ದಯವಿಟ್ಟು ಹಾಗೆ ಹೇಳಬೇಡಿ. ಇಲ್ಲಿನ ಮನೆಗಳನ್ನು ಶಾಖ ಒಳಗೇ ಉಳಿಯುವ ಹಾಗೆ ಕಟ್ಟಿರುತ್ತಾರೆ, ಎಸಿ ಇರುವ ಮನೆಗಳು ತೀರಾ ಕಡಿಮೆ, ಮಹಡಿ ಮೇಲಿನ ಮಲಗುವ ಕೋಣೆ ರಾತ್ರಿಯಿಡೀ ಕಾದಿರುತ್ತದೆ. 2022ರ ಜುಲೈ 19ರಂದು ಲಿಂಕನ್‌ಶೈರ್‌ನ ಕೋನಿಂಗ್ಸ್‌ಬಿಯಲ್ಲಿ 40.3 ಡಿಗ್ರಿ ದಾಖಲಾಯಿತು, ಈ ದೇಶದಲ್ಲಿ 40 ದಾಟಿದ್ದು ಅದೇ ಮೊದಲು. ಅಂಥ ಬಿಸಿಲಿಗೆ ಇಲ್ಲಿನ ಮನೆಗಳೂ ಸಿದ್ಧವಿಲ್ಲ, ರೈಲು ಹಳಿಗಳೂ ಸಿದ್ಧವಿಲ್ಲ. ಅವರ ಸೆಖೆ ನಿಜವಾದ ಸೆಖೆಯೇ.

ಮಾತಿನ ಅಳತೆ

ಇಲ್ಲಿ ದೊಡ್ಡ ಮಾತು ಆಡಿದರೆ ಕೆಲಸ ಕೆಡುತ್ತದೆ. ತಲೆಯಿಂದ ಕಾಲಿನವರೆಗೆ ನೆನೆದು ಬಂದವರೂ "ಎ ಬಿಟ್ ಡ್ಯಾಂಪ್" ಅನ್ನುತ್ತಾರೆ. ಪ್ರಾಜೆಕ್ಟ್ ಪೂರ್ತಿ ಮುಗ್ಗರಿಸಿದಾಗ "ನಾಟ್ ಐಡಿಯಲ್" ಅಂದರೆ ಅದು ಗಂಭೀರವಾದ ಮಾತು ಅಂತ ತಿಳಿಯಿರಿ. "ನಾಟ್ ಟೂ ಬ್ಯಾಡ್" ಅಂದರೆ ಚೆನ್ನಾಗಿದ್ದೇನೆ ಅಂತ. "ಮಸ್ಟಂಟ್ ಗ್ರಂಬಲ್" ಅನ್ನುವುದು ಹಳೆಯ ತಲೆಮಾರಿನವರ ಬಾಯಲ್ಲಿ ಜಾಸ್ತಿ. ಗೊಣಗಬಾರದು ಅನ್ನುವುದು ಅದರ ನೇರ ಅರ್ಥ, ಆದರೆ ಹೇಳುವ ಧಾಟಿಯಲ್ಲೇ ಗೊಣಗಲು ಬೇಕಾದಷ್ಟು ಇದೆ ಅನ್ನುವುದು ಗೊತ್ತಾಗುತ್ತದೆ. ಬಸ್ಸು ಕಣ್ಣೆದುರೇ ಹೊರಟು ಹೋದಾಗ "ಟಿಪಿಕಲ್" ಅನ್ನುವ ಒಂದೇ ಪದ ಸಾಕು. ಪಕ್ಕದಲ್ಲಿ ನಿಂತವರು ಅದಕ್ಕೊಂದು ನಿಟ್ಟುಸಿರು ಸೇರಿಸುತ್ತಾರೆ, ಅಲ್ಲಿಂದ ಮಾತು ಹುಟ್ಟುತ್ತದೆ.

ಗೊಣಗಾಟವನ್ನು ಮುಗಿಸುವುದನ್ನೂ ಕಲಿಯಬೇಕು. ಎರಡು ಮೂರು ಮಾತು ಆದಮೇಲೆ ಯಾರಾದರೊಬ್ಬರು "ಓ ವೆಲ್, ಕುಡ್ ಬಿ ವರ್ಸ್" ಅನ್ನುತ್ತಾರೆ. ನಮ್ಮ "ಇರಲಿ ಬಿಡಿ" ಇದೆಯಲ್ಲ, ಅದೇ. ಅಲ್ಲಿಗೆ ಬಿಟ್ಟುಬಿಡಿ. ಆಮೇಲೂ ಅದೇ ರಾಗ ಎಳೆಯುತ್ತಿದ್ದರೆ ಅದು "ಮೋನ್" (ಸುಮ್ನೆ ಗೊಣಗುವುದು) ಹೋಗಿ "ವಿಂಜ್" (ಬಿಡದೆ ಕೊರಗುವುದು) ಆಗುತ್ತದೆ. ವಿಂಜ್ ಮಾಡುವವರನ್ನು ಇಲ್ಲಿ ಯಾರೂ ಇಷ್ಟಪಡುವುದಿಲ್ಲ. ಆಸ್ಟ್ರೇಲಿಯಾದವರು ಬ್ರಿಟಿಷರನ್ನೇ "ವಿಂಜಿಂಗ್ ಪಾಮ್ಸ್" ಅಂತ ಕರೆಯುತ್ತಾರೆ (ಪಾಮ್ ಅನ್ನುವುದು ಬ್ರಿಟಿಷರಿಗೆ ಅವರಿಟ್ಟ ಅಡ್ಡಹೆಸರು), ಅದು ಬೇರೆ ಮಾತು.

ಯಾವುದರ ಬಗ್ಗೆ ಗೊಣಗಬಹುದು? ಇಬ್ಬರಿಗೂ ಸಮವಾಗಿ ತಟ್ಟುವ ತೊಂದರೆ ಆಗಿರಬೇಕು. ಮಳೆ, ರೈಲು, ಪಾರ್ಕಿಂಗ್, ಬಿನ್, ರಸ್ತೆ ಗುಂಡಿ, ಏರುವ ಬಿಲ್ಲು, ಫೋನಿನಲ್ಲಿ ಅರ್ಧ ಗಂಟೆ ಕಾಯಿಸುವ ಸಂಗೀತ. ಅವರ ಊರು, ಅವರ ಮನೆ, ಅವರ ಅಡುಗೆ ಬೇಡ. ಅವರೇ ತಮ್ಮ ಊರನ್ನು ಬೈದುಕೊಂಡರೂ ನೀವು ಸೇರಿಸಿ ಬೈಯಬೇಡಿ. ನಮ್ಮ ಮನೆಯವರನ್ನು ನಾವು ಅಂದರೆ ಸರಿ, ಹೊರಗಿನವರು ಅಂದರೆ ನೋವಾಗುತ್ತದೆ ಅಲ್ವಾ, ಹಾಗೆ.

ಎನ್‌ಎಚ್‌ಎಸ್, ಅಂದರೆ ಇಲ್ಲಿನ ಸರ್ಕಾರಿ ಆರೋಗ್ಯ ವ್ಯವಸ್ಥೆಯ ವಿಷಯದಲ್ಲಿ ಇನ್ನೂ ಎಚ್ಚರ ಬೇಕು. ಜಿಪಿ (ನಾವು ಮೊದಲು ಹೋಗುವ ಸಾಮಾನ್ಯ ಡಾಕ್ಟರ್) ಅಪಾಯಿಂಟ್‌ಮೆಂಟ್‌ಗೆ ಬೆಳಿಗ್ಗೆ 8ಕ್ಕೆ ಎಲ್ಲರೂ ಒಟ್ಟಿಗೆ ಫೋನ್ ಮಾಡಿ ಸಾಲಿನಲ್ಲಿ ಕಾಯುವುದು, ತಜ್ಞ ಡಾಕ್ಟರನ್ನು ನೋಡಲು ತಿಂಗಳುಗಟ್ಟಲೆ ಕಾಯುವುದು, ಇದರ ಬಗ್ಗೆ ಎಲ್ಲರೂ ಗೊಣಗುತ್ತಾರೆ. ಆದರೆ ಅದೇ ಉಸಿರಿನಲ್ಲಿ "ನರ್ಸ್‌ಗಳು ಮಾತ್ರ ಬಂಗಾರ" ಅನ್ನುತ್ತಾರೆ. 1948ರ ಜುಲೈ 5ರಂದು ಶುರುವಾದ ಈ ವ್ಯವಸ್ಥೆಯನ್ನು ಜನ ತಮ್ಮದು ಅಂತ ಪ್ರೀತಿಸುತ್ತಾರೆ. 2012ರ ಲಂಡನ್ ಒಲಿಂಪಿಕ್ಸ್ ಉದ್ಘಾಟನೆಯಲ್ಲಿ ಆಸ್ಪತ್ರೆ ಮಂಚಗಳನ್ನು ಮೈದಾನಕ್ಕೆ ತಂದು, ನರ್ಸ್‌ಗಳನ್ನೇ ಕುಣಿಸಿ, ಇಡೀ ಜಗತ್ತಿಗೆ ತೋರಿಸಿದರು. ಕಾಯುವುದರ ಬಗ್ಗೆ ಗೊಣಗಿ, ಎನ್‌ಎಚ್‌ಎಸ್ ಇರಬಾರದಿತ್ತು ಅನ್ನುವ ಹಾಗೆ ಮಾತಾಡಬೇಡಿ.

ರೈಲು: ಗೊಣಗಿ, ಆಮೇಲೆ ದುಡ್ಡೂ ಕೇಳಿ

ಪ್ಲಾಟ್‌ಫಾರ್ಮ್‌ನಲ್ಲಿ ಯಾರೂ ಯಾರನ್ನೂ ಮಾತಾಡಿಸುವುದಿಲ್ಲ, ರೈಲು ತಡವಾಗಿದೆ ಅನ್ನುವ ಘೋಷಣೆ ಬರುವ ತನಕ. ಬಂದ ತಕ್ಷಣ ತಲೆಗಳು ಏಳುತ್ತವೆ, ಹುಬ್ಬು ಮೇಲೇರುತ್ತದೆ, ಇಷ್ಟು ಹೊತ್ತು ಫೋನ್ ನೋಡುತ್ತಿದ್ದವರು ನಿಮ್ಮ ಕಡೆ ತಿರುಗಿ ಏನೋ ಅನ್ನುತ್ತಾರೆ. ಶರತ್ಕಾಲದಲ್ಲಿ ಕಾರಣ ಹೆಚ್ಚಾಗಿ "ಲೀವ್ಸ್ ಆನ್ ದ ಲೈನ್". ಹಳಿ ಮೇಲೆ ಎಲೆ ಬಿದ್ದರೆ ರೈಲು ನಿಲ್ಲುತ್ತದಾ ಅಂತ ನನಗೂ ಆಶ್ಚರ್ಯ ಆಗಿತ್ತು. ಆದರೆ ಅದು ನೆಪ ಅಲ್ಲ. ಒದ್ದೆ ಎಲೆಗಳು ಚಕ್ರದಡಿ ಅರೆದು ಹಳಿಗೆ ಜಾರುವ ಪದರವಾಗಿ ಅಂಟಿಕೊಳ್ಳುತ್ತವೆ. ಬ್ರೇಕ್ ಹಿಡಿಯುವುದಿಲ್ಲ, ಡ್ರೈವರ್ ನಿಧಾನ ಮಾಡಲೇಬೇಕು. ಅದನ್ನು ತೊಳೆಯಲು ನೀರು ಚಿಮ್ಮಿಸುವ ಬೇರೆ ರೈಲುಗಳೇ ಓಡಾಡುತ್ತವೆ. ಹಿಮದ ಕಥೆ ಇನ್ನೂ ಹಳೆಯದು. 1991ರ ಫೆಬ್ರವರಿಯಲ್ಲಿ ಪುಡಿಯಂಥ ಹಿಮ ಬಿದ್ದು ರೈಲುಗಳ ಮೋಟಾರಿನೊಳಗೆ ಹೋಯಿತು. ಈ ಸಲದ ಹಿಮದ ಬಗೆಯೇ ಬೇರೆ ಅಂತ ಆಗಿನ ಸರ್ಕಾರಿ ರೈಲ್ವೆ ಬ್ರಿಟಿಷ್ ರೈಲ್‌ನ ಅಧಿಕಾರಿಯೊಬ್ಬರು ವಿವರಿಸಿದರು. ಪತ್ರಿಕೆಗಳ ಕೈಗೆ ಸಿಕ್ಕಿ ಅದು "ರಾಂಗ್ ಕೈಂಡ್ ಆಫ್ ಸ್ನೋ" ಆಯಿತು. ಬ್ರಿಟಿಷ್ ರೈಲ್ ಹೋಗಿ ಎಷ್ಟೋ ವರ್ಷ ಆಯಿತು, ಈ ಮಾತು ಮಾತ್ರ ಇನ್ನೂ ಪ್ಲಾಟ್‌ಫಾರ್ಮ್‌ನಲ್ಲಿ ಕೇಳಿಸುತ್ತದೆ. ನೀವೂ ಬಳಸಿ ನೋಡಿ, ಪಕ್ಕದವರ ಮುಖ ಅರಳುತ್ತದೆ.

ಆದರೆ ಗೊಣಗಿ ಸುಮ್ಮನಾಗಬೇಡಿ. ತಡವಾದ ರೈಲಿಗೆ ದುಡ್ಡು ವಾಪಸ್ ಬರುತ್ತದೆ. ಇದರ ಹೆಸರು ಡಿಲೇ ರಿಪೇ. ನನ್ನ ಜೊತೆ ದಿನಾ ಗೊಣಗುವ ಎಷ್ಟೋ ಜನ ಇದನ್ನು ಕೇಳುವುದೇ ಇಲ್ಲ, ಅದು ನನಗೆ ನಿಜವಾಗಿ ಬೇಸರ ತರುತ್ತದೆ. ಹೆಚ್ಚಿನ ಕಂಪನಿಗಳಲ್ಲಿ 15 ನಿಮಿಷದಿಂದ ಲೆಕ್ಕ ಶುರು, ಕೆಲವು ಕಡೆ 30 ನಿಮಿಷದಿಂದ. ಸಾಮಾನ್ಯವಾಗಿ 15ರಿಂದ 29 ನಿಮಿಷ ತಡವಾದರೆ ಒಂದು ಕಡೆಯ ದರದ ಕಾಲು ಭಾಗ, 30ರಿಂದ 59ಕ್ಕೆ ಅರ್ಧ, ಒಂದು ಗಂಟೆ ದಾಟಿದರೆ ಪೂರ್ತಿ. ರಿಟರ್ನ್ ಟಿಕೆಟ್ ಇದ್ದು ಎರಡು ಗಂಟೆ ದಾಟಿದರೆ ಎರಡೂ ಕಡೆಯ ದುಡ್ಡು. ಲೆಕ್ಕ ಹಿಡಿಯುವುದು ನೀವು ಕೊನೆಗೆ ತಲುಪಿದ ಹೊತ್ತನ್ನು. ಮೊದಲ ರೈಲು ಹತ್ತೇ ನಿಮಿಷ ತಡವಾಗಿ, ಅದರಿಂದ ಮುಂದಿನ ರೈಲು ತಪ್ಪಿ, ನೀವು ಮನೆ ಸೇರಿದ್ದು 40 ನಿಮಿಷ ತಡ ಅಂದರೆ 40 ನಿಮಿಷವೇ ಲೆಕ್ಕ. ಟಿಕೆಟ್‌ನ ಫೋಟೋ ಇಟ್ಟುಕೊಳ್ಳಿ, ಹೊರಡಬೇಕಿದ್ದ ಹೊತ್ತು ಮತ್ತು ತಲುಪಿದ ಹೊತ್ತು ಬರೆದುಕೊಳ್ಳಿ, 28 ದಿನದೊಳಗೆ ಯಾವ ಕಂಪನಿಯ ರೈಲಿನಿಂದ ತಡವಾಯಿತೋ ಅವರ ವೆಬ್‌ಸೈಟ್‌ನಲ್ಲಿ ಅರ್ಜಿ ಹಾಕಿ. ಸೀಸನ್ ಟಿಕೆಟ್ ಇದ್ದವರಿಗೂ ಉಂಟು. ಕಂಪನಿ ಕೊಡುವುದಿಲ್ಲ ಅಂದರೆ ಒಮ್ಮೆ ಮೇಲ್ಮನವಿ ಮಾಡಿ, ಆಗಲೂ ಒಪ್ಪದಿದ್ದರೆ ರೈಲ್ ಓಂಬಡ್ಸ್‌ಮನ್ (ದೂರುಗಳನ್ನು ಸ್ವತಂತ್ರವಾಗಿ ಬಗೆಹರಿಸುವವರು) ಇದ್ದಾರೆ, ಖರ್ಚಿಲ್ಲ.

ಹೋಟೆಲ್ ಮತ್ತು ಕ್ಯೂ

ಊಟದ ಮಧ್ಯೆ ಬಂದು "ಎವೆರಿಥಿಂಗ್ ಆಲ್‌ರೈಟ್?" ಅಂತ ಕೇಳುತ್ತಾರೆ. ತಟ್ಟೆಯಲ್ಲಿನ ಊಟ ತಣ್ಣಗಾಗಿದ್ದರೂ ಜನ "ಲವ್ಲೀ, ಥ್ಯಾಂಕ್ಯೂ" ಅಂದು, ಕಾರಿನಲ್ಲಿ ಮನೆವರೆಗೂ ಗೊಣಗುತ್ತಾ ಹೋಗುತ್ತಾರೆ. ಈ ಒಂದು ಅಭ್ಯಾಸ ಕಲಿಯಬೇಡಿ. "ಸಾರಿ, ಇದು ಸ್ವಲ್ಪ ತಣ್ಣಗಿದೆ, ಬಿಸಿ ಮಾಡಿ ಕೊಡಬಹುದಾ" ಅಂತ ಅಲ್ಲೇ, ಮೆತ್ತಗೆ ಹೇಳಿ. ಅಡುಗೆಯವರಿಗೂ ಅದೇ ಒಳ್ಳೆಯದು, ಸರಿ ಮಾಡಲು ಅವರಿಗೂ ಒಂದು ಅವಕಾಶ ಸಿಗುತ್ತದೆ. ಬಿಲ್ಲಿನಲ್ಲಿ 12.5% ಸರ್ವೀಸ್ ಚಾರ್ಜ್ "ಡಿಸ್ಕ್ರೀಷನರಿ" ಅಂತ ಬರೆದಿದ್ದರೆ ಅದು ನಿಮ್ಮ ಇಷ್ಟ, ತೆಗೆಯಲು ಕೇಳಬಹುದು.

ಕ್ಯೂನಲ್ಲಿ ಯಾರಾದರೂ ನಡುವೆ ನುಗ್ಗಿದರೆ ಜಗಳ ಬೇಡ. "ಸಾರಿ, ಕ್ಯೂ ಅಲ್ಲಿಂದ ಶುರು ಆಗುತ್ತೆ ಅನ್ಸುತ್ತೆ" ಅಂದರೆ ಸಾಕು, ಹಿಂದಿರುವ ಎಲ್ಲರೂ ನಿಮ್ಮ ಪರ.

ನಿಜವಾದ ದೂರು: ಬರೆದು ಕೊಡಿ

ನಾನು ಕೊಂಡ ವಾಷಿಂಗ್ ಮೆಷಿನ್ ಮೂರನೇ ವಾರದಲ್ಲಿ ನಿಂತುಹೋಯಿತು. ಅಂಗಡಿಯವರು ಫೋನಿನಲ್ಲಿ "ನಮ್ಮದೇನಿಲ್ಲ, ತಯಾರಿಸಿದ ಕಂಪನಿಗೆ ಹೇಳಿ" ಅಂದರು. ನಾನು ಎರಡು ದಿನ ಆಫೀಸಿನಲ್ಲಿ ಗೊಣಗಿದೆ, ಎಲ್ಲರೂ ಪಾಪ ಅಂದರು, ಮೆಷಿನ್ ಮಾತ್ರ ಹಾಗೇ ಇತ್ತು. ಆಮೇಲೆ ಒಬ್ಬ ಹಿರಿಯ ಸಹೋದ್ಯೋಗಿ ದಾರಿ ಹೇಳಿದರು. 2015ರ ಕನ್ಸ್ಯೂಮರ್ ರೈಟ್ಸ್ ಆಕ್ಟ್ ಪ್ರಕಾರ ಹೊಣೆ ಮಾರಿದ ಅಂಗಡಿಯದ್ದು. ದೋಷ ಇರುವ ವಸ್ತುವನ್ನು 30 ದಿನದೊಳಗೆ ತಿರುಗಿಸಿ ಪೂರ್ತಿ ದುಡ್ಡು ಕೇಳಬಹುದು. ಅದು ದಾಟಿದರೆ ರಿಪೇರಿ ಮಾಡಲು ಅಥವಾ ಬದಲಿಸಲು ಅಂಗಡಿಗೆ ಒಂದು ಅವಕಾಶ ಕೊಡಬೇಕು, ಅದೂ ಆಗದಿದ್ದರೆ ದುಡ್ಡು ಕೇಳಬಹುದು. ಮೊದಲ ಆರು ತಿಂಗಳಲ್ಲಿ ಕಾಣಿಸಿದ ದೋಷ ಕೊಳ್ಳುವಾಗಲೇ ಇತ್ತು ಅಂತ ಹಿಡಿಯುತ್ತಾರೆ, ಇರಲಿಲ್ಲ ಅಂತ ತೋರಿಸುವ ಹೊಣೆ ಅಂಗಡಿಯದ್ದು. ಇದಿಷ್ಟನ್ನು ಒಂದು ಈಮೇಲ್‌ನಲ್ಲಿ ಬರೆದೆ, ದಿನಾಂಕಗಳ ಸಮೇತ. ಒಂದು ವಾರದಲ್ಲಿ ದುಡ್ಡು ಬಂತು.

ಆನ್‌ಲೈನ್‌ನಲ್ಲಿ ಕೊಂಡದ್ದಾದರೆ ಹೆಚ್ಚಿನ ವಸ್ತುಗಳನ್ನು, ಕೈಗೆ ಬಂದ 14 ದಿನದೊಳಗೆ, ಕಾರಣ ಹೇಳದೆಯೇ ಬೇಡ ಅನ್ನಬಹುದು. 100 ಪೌಂಡ್‌ಗಿಂತ ಹೆಚ್ಚಿನ, 30,000 ಪೌಂಡ್ ಮೀರದ ವಸ್ತುವನ್ನು ಕ್ರೆಡಿಟ್ ಕಾರ್ಡ್‌ನಲ್ಲಿ ಕೊಂಡಿದ್ದರೆ, 1974ರ ಕನ್ಸ್ಯೂಮರ್ ಕ್ರೆಡಿಟ್ ಆಕ್ಟ್‌ನ 75ನೇ ಸೆಕ್ಷನ್ ಪ್ರಕಾರ ಕಾರ್ಡ್ ಕಂಪನಿಯೂ ಸಮನಾಗಿ ಹೊಣೆ. ಅಂಗಡಿ ಬಾಗಿಲು ಮುಚ್ಚಿದ್ದರೂ ಅವರನ್ನು ಕೇಳಬಹುದು. ಡೆಬಿಟ್ ಕಾರ್ಡ್‌ಗೆ ಈ ಸೆಕ್ಷನ್ ಇಲ್ಲ. ದೊಡ್ಡ ಖರೀದಿಗೆ ನಾನು ಈಗ ಕ್ರೆಡಿಟ್ ಕಾರ್ಡ್ ಬಳಸುವುದು ಇದಕ್ಕೇ.

ದೂರಿನ ಪತ್ರ ಚಿಕ್ಕದಾಗಿರಲಿ. ಏನಾಯಿತು, ಯಾವಾಗ, ನಿಮಗೆ ಏನು ಬೇಕು, ಎಷ್ಟು ದಿನದೊಳಗೆ ಬೇಕು. ನಾನು 14 ದಿನ ಅಂತ ಬರೆಯುತ್ತೇನೆ. "ದಿಸ್ ಈಸ್ ಎ ಫಾರ್ಮಲ್ ಕಂಪ್ಲೇಂಟ್" ಅನ್ನುವ ಸಾಲು ಮೊದಲೇ ಇರಲಿ, ಆಗ ಅದು ಬರೀ ಅಭಿಪ್ರಾಯದ ಬುಟ್ಟಿಗೆ ಹೋಗುವುದು ತಪ್ಪುತ್ತದೆ. ರೆಫರೆನ್ಸ್ ನಂಬರ್ ಕೇಳಿ ತೆಗೆದುಕೊಳ್ಳಿ. ಬೈಯಬೇಡಿ, ಫೋನ್ ಎತ್ತಿದ ಹುಡುಗಿಯಿಂದ ಆದ ತಪ್ಪಲ್ಲ ಅದು. "ಐ ಆಮ್ ಡಿಸಪಾಯಿಂಟೆಡ್" ಅನ್ನುವುದು ಇಲ್ಲಿ ಸಾಕಷ್ಟು ಖಾರವಾದ ಮಾತು.

ಬ್ಯಾಂಕ್, ವಿಮೆ, ಗ್ಯಾಸ್, ಕರೆಂಟ್ ಕಂಪನಿಗಳಿಗೆ ಉತ್ತರ ಕೊಡಲು ಸಾಮಾನ್ಯವಾಗಿ 8 ವಾರ ಇರುತ್ತದೆ. ಅಷ್ಟರಲ್ಲಿ ಬಗೆಹರಿಯದಿದ್ದರೆ, ಅಥವಾ ಅವರು ಕೊನೆಯ ಉತ್ತರ ಅಂತ ಕೊಟ್ಟದ್ದು ಸರಿ ಕಾಣದಿದ್ದರೆ, ಓಂಬಡ್ಸ್‌ಮನ್ ಹತ್ತಿರ ಹೋಗಬಹುದು. ಬ್ಯಾಂಕ್ ಮತ್ತು ವಿಮೆಗೆ ಫೈನಾನ್ಷಿಯಲ್ ಓಂಬಡ್ಸ್‌ಮನ್, ಆ ಕೊನೆಯ ಉತ್ತರ ಬಂದ 6 ತಿಂಗಳೊಳಗೆ. ಲಾಯರ್ ಬೇಕಿಲ್ಲ, ಫೀಸ್ ಇಲ್ಲ. ದಾರಿ ತಿಳಿಯದಿದ್ದರೆ ಸಿಟಿಜನ್ಸ್ ಅಡ್ವೈಸ್ ಇದೆ, 1939ರಿಂದ ಜನರಿಗೆ ಇದನ್ನೇ ಹೇಳಿಕೊಡುತ್ತಿದೆ.

ಆಸ್ಪತ್ರೆಯ ವಿಷಯವಾದರೆ ಇಂಗ್ಲೆಂಡ್‌ನಲ್ಲಿ ಮೊದಲು ಅಲ್ಲಿನ ಪಾಲ್ಸ್ ವಿಭಾಗಕ್ಕೆ ಹೋಗಿ, ಅವರು ರೋಗಿಗಳ ಮಾತು ಕೇಳಲೆಂದೇ ಇರುವವರು. ಜಿಪಿಯಲ್ಲಿ ಪ್ರಾಕ್ಟೀಸ್ ಮ್ಯಾನೇಜರ್. ದೂರನ್ನು 12 ತಿಂಗಳೊಳಗೆ ಕೊಡಬೇಕು. ಸ್ಕಾಟ್ಲೆಂಡ್, ವೇಲ್ಸ್, ಉತ್ತರ ಐರ್ಲೆಂಡ್‌ಗಳಲ್ಲಿ ವ್ಯವಸ್ಥೆ ಬೇರೆ.

ಬಿನ್ ಮತ್ತು ರಸ್ತೆ ಗುಂಡಿ

ಬಿನ್ ಖಾಲಿ ಮಾಡದೆ ಹೋದರೆ ಕೌನ್ಸಿಲ್ ವೆಬ್‌ಸೈಟ್‌ನಲ್ಲಿ ಬೇಗ ತಿಳಿಸಿ, ಹೆಚ್ಚಿನ ಕಡೆ ಒಂದೆರಡು ದಿನದ ಗಡುವು ಇರುತ್ತದೆ.

ರಸ್ತೆ ಗುಂಡಿಯ ಬಗ್ಗೆ ಸ್ವಲ್ಪ ಹೆಚ್ಚು ಹೇಳಬೇಕು. ಎಲ್ಲರೂ ಗೊಣಗುತ್ತಾರೆ, ಯಾರೋ ಹೇಳಿರುತ್ತಾರೆ ಬಿಡಿ ಅಂತ ಮುಂದೆ ಹೋಗುತ್ತಾರೆ. ಇಂಗ್ಲೆಂಡ್ ಮತ್ತು ವೇಲ್ಸ್‌ನಲ್ಲಿ 1980ರ ಹೈವೇಸ್ ಆಕ್ಟ್‌ನ 58ನೇ ಸೆಕ್ಷನ್ ಪ್ರಕಾರ, ನಾವು ರಸ್ತೆಯನ್ನು ಸರಿಯಾಗಿ ನೋಡಿಕೊಂಡಿದ್ದೆವು, ಈ ಗುಂಡಿ ನಮಗೆ ತಿಳಿಯಲು ಸಾಧ್ಯವಿರಲಿಲ್ಲ ಅಂತ ತೋರಿಸಿದರೆ ಕೌನ್ಸಿಲ್ ನಷ್ಟ ಕೊಡದೆ ತಪ್ಪಿಸಿಕೊಳ್ಳಬಹುದು. ಆದರೆ ಯಾರಾದರೂ ಮೊದಲೇ ತಿಳಿಸಿದ್ದರೆ ಗೊತ್ತಿರಲಿಲ್ಲ ಅನ್ನಲು ಆಗುವುದಿಲ್ಲ. ನೀವು ಎರಡು ನಿಮಿಷ ಕೊಟ್ಟು ಹಾಕಿದ ಒಂದು ವರದಿ, ಮುಂದಿನ ವಾರ ಅದೇ ಗುಂಡಿಯಲ್ಲಿ ಟೈರ್ ಹರಿದುಕೊಂಡವರಿಗೋ, ಸೈಕಲ್‌ನಿಂದ ಬಿದ್ದವರಿಗೋ ಆಧಾರವಾಗುತ್ತದೆ. ಕೌನ್ಸಿಲ್ ವೆಬ್‌ಸೈಟ್‌ನಲ್ಲಿ ಹಾಕಬಹುದು, ಇಲ್ಲವೇ 2007ರಿಂದ ಇರುವ ಫಿಕ್ಸ್‌ಮೈಸ್ಟ್ರೀಟ್‌ನಲ್ಲಿ. ಅಲ್ಲಿ ಹಾಕಿದ್ದು ಎಲ್ಲರಿಗೂ ಕಾಣುತ್ತದೆ, ತಾರೀಖಿನ ಸಮೇತ ಉಳಿಯುತ್ತದೆ. ಫೋಟೋದಲ್ಲಿ ಅಳತೆ ತಿಳಿಯಲು ಏನಾದರೂ ಪಕ್ಕದಲ್ಲಿ ಇಡಿ, ಗಾಡಿಗಳು ಓಡಾಡುವಾಗ ರಸ್ತೆಗೆ ಇಳಿಯಬೇಡಿ. ಇಂಗ್ಲೆಂಡ್‌ನ ಮೋಟರ್‌ವೇ ಮತ್ತು ದೊಡ್ಡ ಎ ರಸ್ತೆಗಳು ಕೌನ್ಸಿಲ್‌ನವು ಅಲ್ಲ, ಅವು ನ್ಯಾಷನಲ್ ಹೈವೇಸ್‌ನವು.

ಯಾವುದೂ ನಡೆಯದಿದ್ದರೆ ನಿಮ್ಮ ವಾರ್ಡ್‌ನ ಕೌನ್ಸಿಲರ್‌ಗೆ ಬರೆಯಿರಿ, ಅಥವಾ ನಿಮ್ಮ ಎಂಪಿಯ "ಸರ್ಜರಿ"ಗೆ ಹೋಗಿ. ಇದಕ್ಕೂ ಡಾಕ್ಟರಿಗೂ ಸಂಬಂಧವಿಲ್ಲ, ಕ್ಷೇತ್ರದ ಜನರ ಕಷ್ಟ ಕೇಳಲು ಅವರು ಕೂರುವುದಕ್ಕೆ ಆ ಹೆಸರು. ಮೊದಲೇ ಹೊತ್ತು ಗೊತ್ತು ಮಾಡಿಕೊಂಡು, ಹಳೆಯ ಪತ್ರಗಳ ಪ್ರತಿ ಹಿಡಿದು ಹೋಗಿ. ನಾವು ಇಲ್ಲಿನ ಪ್ರಜೆಗಳಲ್ಲ, ನಮ್ಮ ಮಾತು ಯಾರು ಕೇಳುತ್ತಾರೆ ಅಂತ ಹಿಂಜರಿಯಬೇಡಿ. ಆ ಕ್ಷೇತ್ರದಲ್ಲಿ ವಾಸ ಇದ್ದರೆ ಸಾಕು. ಇನ್ನೊಂದು ಮಾತು ನಮ್ಮವರಲ್ಲಿ ಎಷ್ಟೋ ಜನರಿಗೆ ಗೊತ್ತಿಲ್ಲ. ಭಾರತ ಕಾಮನ್‌ವೆಲ್ತ್ ದೇಶ, ಆದ್ದರಿಂದ ಸರಿಯಾದ ವೀಸಾದಲ್ಲಿ ಇಲ್ಲಿ ವಾಸವಿರುವ, 18 ತುಂಬಿದ ಭಾರತೀಯರು ಇಲ್ಲಿನ ಪಾರ್ಲಿಮೆಂಟ್ ಚುನಾವಣೆಯಲ್ಲೂ ಕೌನ್ಸಿಲ್ ಚುನಾವಣೆಯಲ್ಲೂ ವೋಟು ಹಾಕಬಹುದು. ಸರ್ಕಾರದ ವೆಬ್‌ಸೈಟ್‌ನಲ್ಲಿ ಹೆಸರು ನೋಂದಾಯಿಸಲು ಕೆಲವೇ ನಿಮಿಷ ಸಾಕು. ಮತಗಟ್ಟೆಯಲ್ಲಿ ಫೋಟೋ ಇರುವ ಗುರುತು ಕೇಳಿದರೆ ನಿಮ್ಮ ಭಾರತದ ಪಾಸ್‌ಪೋರ್ಟ್ ನಡೆಯುತ್ತದೆ.